ಕೆಂಪು ದಾರದ ಅಕ್ಷರಗಳು: ವಿಕ್ಟೋರಿಯಾ ರಾಣಿಯ ಕಾಲದ ಹೆಣ್ಣುಮಕ್ಕಳ ಓದು

ಹೋದ ಚಳಿಗಾಲದ ಒಂದು ಭಾನುವಾರ, ಹಿಡಿದ ಮಳೆ ಬಿಡದೆ, ಮನೆಯೊಳಗೆ ಮಕ್ಕಳ ಗಲಾಟೆಯನ್ನು ತಡೆಯಲಾರದೆ, ಎಲ್ಲರೂ ಸೇರಿ ವಸ್ತುಸಂಗ್ರಹಾಲಯಕ್ಕೆ ಹೋದೆವು. ಮಕ್ಕಳು ಡೈನೋಸಾರ್ ಮೂಳೆಗಳ ಕಡೆಗೆ ಓಡಿದರು. ನಾವು ದಾರಿ ತಪ್ಪಿ ಹಳೆಯ ಬಟ್ಟೆಬರೆಗಳ ಕೋಣೆಯನ್ನು ಹೊಕ್ಕೆವು. ಅಲ್ಲಿ ಗಾಜಿನ ಕೆಳಗೆ ಗೇಣುದ್ದದ ಒಂದು ಬಿಳಿಯ ಬಟ್ಟೆ. ಅದರ ತುಂಬ ಕೆಂಪು ದಾರದಲ್ಲಿ ಹೊಲಿದ ಇಂಗ್ಲಿಷ್ ಅಕ್ಷರಮಾಲೆ. ಒಂದು ಸಲವಲ್ಲ, ಹತ್ತಾರು ಸಲ: ದೊಡ್ಡ ಅಕ್ಷರ, ಸಣ್ಣ ಅಕ್ಷರ, ನೆಟ್ಟಗಿನವು, ಬಾಗಿದವು, ನಡುನಡುವೆ ಅಂಕಿಗಳ ಸಾಲು. ಅಕ್ಷರಗಳು ಎಷ್ಟು ಸಣ್ಣವೆಂದರೆ, ಓದಲು ಕನ್ನಡಕವನ್ನು ಎರಡು ಸಲ ಒರೆಸಿಕೊಳ್ಳಬೇಕಾಯಿತು.

ಬ್ರಿಸ್ಟಲ್ ನಗರದಲ್ಲಿ ಜಾರ್ಜ್ ಮುಲ್ಲರ್ ಎಂಬ ಪಾದ್ರಿಯವರು 1836ರಲ್ಲಿ ಆರಂಭಿಸಿದ ಅನಾಥಾಲಯದ ಹುಡುಗಿಯೊಬ್ಬಳ ಕೈಕೆಲಸ ಅದು. ಮುಂದೆ ಆಶ್ಲಿ ಡೌನ್ ಎಂಬ ಗುಡ್ಡದ ಮೇಲೆ ಐದು ದೊಡ್ಡ ಕಟ್ಟಡಗಳಾಗಿ ಬೆಳೆದು, 1870ರ ಹೊತ್ತಿಗೆ ಎರಡು ಸಾವಿರ ಮಕ್ಕಳಿಗೆ ಜಾಗ ಕೊಟ್ಟ ಸಂಸ್ಥೆ ಅದು. ಗಂಡುಹುಡುಗರು ಹದಿನಾಲ್ಕರ ಸುಮಾರಿಗೆ ಯಾವುದಾದರೂ ಕಸುಬು ಕಲಿಯಲು ಹೋಗುತ್ತಿದ್ದರು. ಹುಡುಗಿಯರು ಹದಿನೇಳರವರೆಗೆ ಅಲ್ಲಿಯೇ ಇದ್ದು, ಆಮೇಲೆ ಮನೆಗೆಲಸಕ್ಕೆ ಸೇರುತ್ತಿದ್ದರು. ಆ ಕಾಲದ ದೊಡ್ಡ ಮನೆಗಳಲ್ಲಿ ಒಂದೊಂದು ಹಾಸಿಗೆ ಬಟ್ಟೆಗೂ, ಟವೆಲಿಗೂ, ಒಳಬಟ್ಟೆಗೂ ಯಜಮಾನರ ಹೆಸರಿನ ಮೊದಲಕ್ಷರವನ್ನೂ ಅಂಕಿಯನ್ನೂ ಹೊಲಿದಿಡುವ ವಾಡಿಕೆ ಇತ್ತು. ನಮ್ಮೂರಿನ ಮಡಿವಾಳರು ಕೇರುಬೀಜದ ಕಪ್ಪು ರಸದಲ್ಲಿ ಗುರುತು ಹಾಕುತ್ತಿದ್ದರಲ್ಲ, ಹಾಗೆ. ಕೆಂಪು ದಾರವೇ ಏಕೆಂದರೆ, ಮಂಜಿಷ್ಠದ ಬೇರಿನ ಆ ಬಣ್ಣ ಕುದಿಯುವ ನೀರಿಗೂ ಬಿಡುವುದಿಲ್ಲ. (ನಮ್ಮ ಕಸುಬು ರಸಾಯನಶಾಸ್ತ್ರ. ಇಂಥ ಕಡೆ ನಾಲ್ಕು ಮಾತು ಹೆಚ್ಚಾದರೆ ಓದುಗರು ಕ್ಷಮಿಸಬೇಕು.) ಹೀಗಾಗಿ ಆ ಗಾಜಿನ ಕೆಳಗಿನ ಅಕ್ಷರಮಾಲೆ ಓದಿನ ಗುರುತಲ್ಲ, ಕೆಲಸ ಕೇಳಲು ಹೋಗುವಾಗ ಯಜಮಾನಿತಿಗೆ ತೋರಿಸುವ ಪ್ರಮಾಣಪತ್ರ.

ಅದನ್ನು ನೋಡುತ್ತ ನಿಂತಾಗ ನಮ್ಮಜ್ಜಿಯ ನೆನಪಾಯಿತು. ಊರಿನ ನಮ್ಮ ಮನೆಯ ಪಡಸಾಲೆಯಲ್ಲಿ, ದೇವರ ಪಟಗಳ ಸಾಲಿನಲ್ಲಿಯೇ, ಕಟ್ಟು ಹಾಕಿಸಿದ ಒಂದು ಕಸೂತಿ ಇದೆ: ಎರಡು ಗಿಳಿ, ಸುತ್ತ ಗುಲಾಬಿ ಬಳ್ಳಿ, ನಡುವೆ ಇಂಗ್ಲಿಷಿನಲ್ಲಿ 'ವೆಲ್‌ಕಮ್'. ಇಂಥದೊಂದು ನಮ್ಮ ಸದಸ್ಯರಲ್ಲಿ ಅನೇಕರ ಊರಿನ ಮನೆಗಳಲ್ಲಿ ಇದ್ದೀತು. ಅಜ್ಜಿ ಅದನ್ನು ಹೆಣ್ಣುಮಕ್ಕಳ ಸ್ಕೂಲಿನ ಹೊಲಿಗೆ ತರಗತಿಯಲ್ಲಿ ಮಾಡಿದ್ದು. ನಾಲ್ಕನೆಯ ಕ್ಲಾಸಿಗೆ ಸ್ಕೂಲು ಬಿಡಿಸಿದ್ದರಿಂದ ಅವರು ಇಂಗ್ಲಿಷ್ ಕಲಿಯಲಿಲ್ಲ. "ಏನು ಬರೆದಿದೆ ಅಂತ ಗೊತ್ತಿತ್ತಾ ಅಜ್ಜಿ?" ಎಂದು ಒಮ್ಮೆ ಕೇಳಿದ್ದೆವು. "ಬನ್ನಿ ಅಂತ ಅರ್ಥ ಅಂತ ಟೀಚರು ಹೇಳಿದ್ರು. ಯಾವುದು ಯಾವ ಅಕ್ಷರ ಅಂತ ಹೇಳಲಿಲ್ಲ. ನಾನು ಮನೆ ಎಣಿಸಿ ಹಾಕಿದೆ ಅಷ್ಟೆ" ಎಂದಿದ್ದರು.

ಈ ಲೇಖನಕ್ಕೆ ಇನ್ನೊಂದು ಕಾರಣವೂ ಇದೆ. ಯುಗಾದಿಯ ಊಟದ ಪಂಕ್ತಿಯಲ್ಲಿ ನಮ್ಮ ಬಳಗದ ಹುಡುಗಿಯೊಬ್ಬಳು ಭೌತಶಾಸ್ತ್ರ ಓದಲು ದೂರದ ವಿಶ್ವವಿದ್ಯಾನಿಲಯಕ್ಕೆ ಹೊರಟ ಮಾತು ಬಂತು. ಹಿರಿಯರೊಬ್ಬರು, ನಿಜವಾದ ಕಾಳಜಿಯಿಂದಲೇ, "ಅಷ್ಟು ಓದಿ ಹುಡುಗಿ ಮೈ ಕೆಡಿಸಿಕೊಳ್ಳಬೇಕೆ, ನಾಳೆ ಮದುವೆ ಮಕ್ಕಳು ಎಂದರೆ?" ಎಂದರು. ಅವರ ಎದುರಿಗೆ ಕೂತವರು ತಕ್ಷಣ, "ಇದೆಲ್ಲ ನಮ್ಮ ದೇಶದ ಮಾತು ಸ್ವಾಮಿ. ಈ ಬಿಳಿಯರು ಮೊದಲಿನಿಂದಲೂ ಹೆಣ್ಣುಮಕ್ಕಳನ್ನು ಓದಿಸಿಕೊಂಡೇ ಬಂದವರು" ಎಂದು ಬಾಯಿ ಮುಚ್ಚಿಸಿದರು. ಎರಡು ಮಾತೂ ತಪ್ಪು. ಎರಡನೆಯದು ಹೆಚ್ಚು ತಪ್ಪು. ಏಕೆಂದರೆ ಮೊದಲನೆಯ ಮಾತನ್ನು ಹೆಚ್ಚುಕಡಿಮೆ ಅದೇ ಶಬ್ದಗಳಲ್ಲಿ, ವಿಜ್ಞಾನದ ಹೆಸರಿನಲ್ಲಿ, ಲಂಡನ್ನಿನ ಪ್ರಸಿದ್ಧ ಡಾಕ್ಟರೊಬ್ಬರು ನೂರೈವತ್ತು ವರ್ಷಗಳ ಹಿಂದೆ ಅಚ್ಚು ಹಾಕಿಸಿದ್ದರು.

ವಿಕ್ಟೋರಿಯಾ 1837ರಲ್ಲಿ ಪಟ್ಟಕ್ಕೆ ಬಂದಾಗ ಹದಿನೆಂಟು ವರ್ಷದ ಹುಡುಗಿ. ಅರವತ್ತಮೂರು ವರ್ಷ ಆಳಿದಳು. ಸಿಂಹಾಸನದ ಮೇಲೆ ಹೆಣ್ಣು ಕೂತಿದ್ದರಿಂದ ಹೆಣ್ಣುಮಕ್ಕಳಿಗೆ ಒಳ್ಳೆಯದಾಯಿತೆಂದು ಭಾವಿಸಬಾರದು. ಹೆಂಗಸರ ಹಕ್ಕು ಎಂಬ ಮಾತನ್ನೇ ಹುಚ್ಚು ಎಂದು 1870ರಲ್ಲಿ ಪತ್ರ ಬರೆದವಳು ಆಕೆ. ಆ ಕಾಲದ ಮಧ್ಯಮವರ್ಗಕ್ಕೆ ಆದರ್ಶಸ್ತ್ರೀ ಯಾರೆಂದು ತಿಳಿಯಲು ಕಾವೆಂಟ್ರಿ ಪ್ಯಾಟ್ಮೋರ್ ಎಂಬ ಕವಿಯ, 1854ರಿಂದ ಭಾಗಭಾಗವಾಗಿ ಹೊರಬಂದ ದೀರ್ಘ ಕವನದ ಹೆಸರು ಸಾಕು: 'ಮನೆಯೊಳಗಿನ ದೇವತೆ'. ಗಂಡು ಹೊರಗಿನ ಪ್ರಪಂಚದಲ್ಲಿ ಹೊಡೆದಾಡಿ, ಕೊಳೆ ಹತ್ತಿಸಿಕೊಂಡು ಬರುವವನು. ಹೆಣ್ಣು ಮನೆಯೊಳಗೆ ಆ ಕೊಳೆ ತಾಕದಂತೆ ಇದ್ದು ಅವನನ್ನು ಶುದ್ಧಮಾಡುವವಳು. ನಮ್ಮ ಗೃಹಲಕ್ಷ್ಮಿಯ ತಂಗಿ ಎನ್ನಿ. ಸಾರಾ ಎಲ್ಲಿಸ್ ಎಂಬಾಕೆ ಇಂಗ್ಲೆಂಡಿನ ಸ್ತ್ರೀಯರಿಗೆ, ಹೆಣ್ಣುಮಕ್ಕಳಿಗೆ, ಹೆಂಡಿರಿಗೆ, ತಾಯಂದಿರಿಗೆ ಎಂದು ಬೇರೆಬೇರೆಯಾಗಿ 1839ರಿಂದ 1843ರೊಳಗೆ ನಾಲ್ಕು ಬುದ್ಧಿವಾದದ ಪುಸ್ತಕಗಳನ್ನು ಬರೆದರು. ಚೆನ್ನಾಗಿ ಮಾರಾಟವಾದವು. ಹೆಂಗಸು ಮನೆಯೊಳಗೆ ಇರಬೇಕೆಂದು ಹೇಳಿ ಸಂಪಾದಿಸಿದ ಈಕೆ ಸ್ವತಃ ಒಂದು ಶಾಲೆಯನ್ನೂ ನಡೆಸುತ್ತಿದ್ದರು.

ಹಾಗೆಂದು ಯಾರೂ ಹುಡುಗಿಯರಿಗೆ ವಿದ್ಯೆ ಬೇಡವೆಂದು ಹೇಳುತ್ತಿರಲಿಲ್ಲ. ಇದನ್ನು ಗಮನಿಸಬೇಕು. ಜಗಳವಿದ್ದದ್ದು ವಿದ್ಯೆಯ ಅಳತೆಯ ಬಗ್ಗೆ. ಜಾನ್ ರಸ್ಕಿನ್ 1864ರಲ್ಲಿ ಮ್ಯಾಂಚೆಸ್ಟರಿನಲ್ಲಿ ಮಾಡಿದ, ಮರುವರ್ಷ ಪುಸ್ತಕವಾದ ಭಾಷಣದಲ್ಲಿ ಆ ಅಳತೆಯನ್ನು ಸ್ಪಷ್ಟವಾಗಿ ಹೇಳಿದ್ದಾರೆ. ಗಂಡು ಒಂದು ಭಾಷೆಯನ್ನೋ ವಿಜ್ಞಾನವನ್ನೋ ಬುಡದಿಂದ ಕಲಿಯಬೇಕು. ಹೆಣ್ಣು ಅದೇ ವಿಷಯವನ್ನು ಗಂಡನ ಮತ್ತು ಗಂಡನ ಸ್ನೇಹಿತರ ಸಂತೋಷದಲ್ಲಿ ಭಾಗಿಯಾಗುವಷ್ಟು ಕಲಿತರೆ ಸಾಕು. ಹುಡುಗಿಯರನ್ನು ಒಳ್ಳೆಯ ಪುಸ್ತಕಗಳ ನಡುವೆ ಸ್ವತಂತ್ರವಾಗಿ ಬಿಡಬೇಕೆಂದೂ ಅವರು ಅದೇ ಭಾಷಣದಲ್ಲಿ ಹೇಳಿದ್ದಾರೆ, ಅನ್ಯಾಯ ಮಾಡಬಾರದು. ಆದರೆ ಗಂಡಹೆಂಡಿರ ಬಗ್ಗೆ ಇಡೀ ದೇಶಕ್ಕೆ ಪಾಠ ಹೇಳಿದ ಈ ಮಹಾಶಯರ ಸ್ವಂತ ಮದುವೆ ಹತ್ತು ವರ್ಷ ಮೊದಲೇ, 1854ರಲ್ಲಿ, ಅಸಿಂಧುವೆಂದು ತೀರ್ಮಾನವಾಗಿತ್ತು ಎಂಬುದನ್ನು ಹೇಳದೆ ಇರಲಾಗುವುದಿಲ್ಲ.

ಹಣವಂತರ ಮನೆಯ ಹುಡುಗಿಗೆ ಈ ಅಳತೆಯ ವಿದ್ಯೆ ಹೇಗೆ ಸಿಗುತ್ತಿತ್ತೆಂಬುದನ್ನು ಫ್ರಾನ್ಸಿಸ್ ಪವರ್ ಕಾಬ್ ಎಂಬ ಲೇಖಕಿ 1894ರ ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. 1836ರಲ್ಲಿ, ಹದಿನಾಲ್ಕನೆಯ ವಯಸ್ಸಿನಲ್ಲಿ, ಅವರನ್ನು ಬ್ರೈಟನ್ ಪಟ್ಟಣದ ಭಾರಿ ಶಾಲೆಯೊಂದಕ್ಕೆ ಕಳಿಸಿದರು. ಎರಡು ವರ್ಷಕ್ಕೆ ಆದ ಖರ್ಚು ಸುಮಾರು 1000 ಪೌಂಡ್. ಅಲ್ಲಿ ಯಾವ ವಿಷಯ ಎಷ್ಟು ಮುಖ್ಯವೋ ಅಷ್ಟು ಕಡಿಮೆ ಕಲಿಸುತ್ತಿದ್ದರಂತೆ. ಸಂಗೀತ ಮತ್ತು ನೃತ್ಯ ಎಲ್ಲಕ್ಕಿಂತ ಮೇಲೆ, ನೀತಿ ಮತ್ತು ಧರ್ಮ ಎಲ್ಲಕ್ಕಿಂತ ಕೆಳಗೆ. ಕಿವಿಯಿಲ್ಲದ ಹುಡುಗಿಯೂ ಪಿಯಾನೋ ಬಾರಿಸಲೇಬೇಕು. ಹೀಗೆ ಕಲಿತದ್ದಕ್ಕೆ ಇಂಗ್ಲಿಷಿನಲ್ಲಿ ಒಂದು ಸೊಗಸಾದ ಹೆಸರಿತ್ತು, 'ಅಕಂಪ್ಲಿಷ್‌ಮೆಂಟ್ಸ್' ಎಂದು. ಸ್ವಲ್ಪ ಫ್ರೆಂಚ್, ಸ್ವಲ್ಪ ಚಿತ್ರ ಬರೆಯುವುದು, ಸ್ವಲ್ಪ ಹಾಡು. ವಧುಪರೀಕ್ಷೆಯ ದಿನ "ಒಂದು ಹಾಡು ಹೇಳಮ್ಮ" ಎನ್ನಿಸಿಕೊಂಡವರಿಗೆ ಹೆಚ್ಚು ವಿವರಿಸಬೇಕಾಗಿಲ್ಲ.

ಮದುವೆಯಾಗದಿದ್ದರೆ? ಆಗ ಈ ವಿದ್ಯೆಯ ನಿಜವಾದ ಬೆಲೆ ಗೊತ್ತಾಗುತ್ತಿತ್ತು. 1851ರ ಜನಗಣತಿಯಲ್ಲಿ ಗಂಡಸರಿಗಿಂತ ಹೆಂಗಸರು ಸುಮಾರು ಐದು ಲಕ್ಷ ಹೆಚ್ಚಿದ್ದಾರೆಂದು ತಿಳಿದು ಇಡೀ ದೇಶ ಬೆಚ್ಚಿತು. ಡಬ್ಲ್ಯು. ಆರ್. ಗ್ರೆಗ್ ಎಂಬ ಲೇಖಕರು 1862ರಲ್ಲಿ ಈ ಹೆಂಗಸರು ಏಕೆ 'ಹೆಚ್ಚುವರಿ'ಯಾಗಿದ್ದಾರೆ ಎಂದು ಲೇಖನವನ್ನೇ ಬರೆದು, ಅವರನ್ನು ವಸಾಹತುಗಳಿಗೆ ಹಡಗು ಹತ್ತಿಸುವುದೇ ಮದ್ದು ಎಂದರು. ಮನೆತನಸ್ಥರ ಹುಡುಗಿ ಮರ್ಯಾದೆ ಕೆಡದೆ ಸಂಬಳಕ್ಕೆ ಮಾಡಬಹುದಾದ ಕೆಲಸ ಒಂದೇ: ಗವರ್ನೆಸ್, ಎಂದರೆ ಶ್ರೀಮಂತರ ಮನೆಯಲ್ಲಿದ್ದು ಮಕ್ಕಳಿಗೆ ಪಾಠ ಹೇಳುವುದು. ಆ ವರ್ಷ ಅಂಥವರು ಸುಮಾರು 25,000 ಮಂದಿ ಇದ್ದರು. ಷಾರ್ಲಟ್ ಬ್ರಾಂಟೆ 1841ರಲ್ಲಿ ಒಂದು ಮನೆಯಲ್ಲಿ ಈ ಕೆಲಸಕ್ಕೆ ಸೇರಿದಾಗ ವರ್ಷದ ಸಂಬಳ 20 ಪೌಂಡ್. ಬಟ್ಟೆ ಒಗೆಸುವ ಬಾಬ್ತು 4 ಪೌಂಡ್ ಮುರಿದುಕೊಂಡು ಕೈಗೆ 16. ಕಾಬ್ ಅವರ ಎರಡು ವರ್ಷದ ಶಾಲೆಯ ಖರ್ಚು ಬ್ರಾಂಟೆಯವರ ಐವತ್ತು ವರ್ಷದ ಸಂಬಳ! ಊಟಕ್ಕೆ ಆಳುಗಳ ಜೊತೆಗೂ ಇಲ್ಲ, ಯಜಮಾನರ ಜೊತೆಗೂ ಇಲ್ಲ. 'ಜೇನ್ ಐರ್' ಓದಿದವರಿಗೆ ಇದೆಲ್ಲ ಗೊತ್ತು.

ಹಾಗಾದರೆ ಆಶ್ಲಿ ಡೌನಿನ ಕೆಂಪು ದಾರದ ಹುಡುಗಿಯಂಥವರು? ದೇವತೆಯ ಆದರ್ಶ ಅವರನ್ನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ. ಹೆಂಗಸರನ್ನೂ ಹುಡುಗಿಯರನ್ನೂ ಗಣಿಯೊಳಗೆ ಇಳಿಸಿ ಕಲ್ಲಿದ್ದಲು ಎಳೆಸುವುದನ್ನು ಕಾನೂನು ನಿಲ್ಲಿಸಿದ್ದು 1842ರಲ್ಲಿ. 1891ರ ಗಣತಿಯಲ್ಲಿಯೂ ಹದಿಮೂರು ಲಕ್ಷಕ್ಕೂ ಹೆಚ್ಚು ಹೆಂಗಸರು ಮನೆಗೆಲಸದಲ್ಲಿದ್ದರು. ಒಂದು ಮನೆಯಲ್ಲಿ ದೇವತೆ ಕೈಕೆಸರಾಗದೆ ಕೂರಬೇಕಾದರೆ ಅಡಿಗೆಮನೆಯಲ್ಲಿ ಇನ್ನೊಬ್ಬಳ ಕೈ ಕೆಸರಾಗಲೇಬೇಕಷ್ಟೆ. ಸರ್ಕಾರದ ನೆರವು ಪಡೆಯುತ್ತಿದ್ದ ಬಡವರ ಶಾಲೆಗಳಲ್ಲಿ 1862ರ ನಿಯಮಾವಳಿಯಿಂದ ಹುಡುಗಿಯರಿಗೆ ಹೊಲಿಗೆ ಕಡ್ಡಾಯವಾಯಿತು. 1870ರ ಶಿಕ್ಷಣ ಶಾಸನ ಊರೂರಿಗೆ ಶಾಲೆ ತಂದ ಮೇಲೂ ಅದು ಹೋಗಲಿಲ್ಲ. ಅದಕ್ಕೆ ಮನೆವಾರ್ತೆ, ಅಡಿಗೆ, ಬಟ್ಟೆ ಒಗೆಯುವ ಪಾಠ ಒಂದೊಂದಾಗಿ ಸೇರಿಕೊಂಡವು. ಹುಡುಗರು ಲೆಕ್ಕ ಮಾಡುವ ಹೊತ್ತಿನಲ್ಲಿ ಹುಡುಗಿಯರು ಸೂಜಿ ಹಿಡಿದಿರುತ್ತಿದ್ದರು. ಹಾಗಾಗಿ ಲೆಕ್ಕದಲ್ಲಿ ಅವರನ್ನು ಸಡಿಲವಾಗಿ ಪರೀಕ್ಷಿಸಬೇಕೆಂದು ಇನ್ಸ್‌ಪೆಕ್ಟರುಗಳಿಗೆ ಸೂಚನೆಯಾಯಿತು. ಆಮೇಲೆ ಹುಡುಗಿಯರಿಗೆ ಲೆಕ್ಕ ಬರುವುದಿಲ್ಲ ಎಂದು ಎಲ್ಲರೂ ಹೇಳಿದರು. ಪ್ರಯೋಗಶಾಲೆಯಲ್ಲಿ ಯಾರಾದರೂ ತಕ್ಕಡಿಯನ್ನು ಹೀಗೆ ಬಗ್ಗಿಸಿಟ್ಟು ತೂಕ ಬರೆದುಕೊಂಡರೆ ಮರುದಿನವೇ ಹೊರಗೆ ಕಳಿಸುತ್ತಾರೆ.

ಈ ತಕ್ಕಡಿಯನ್ನು ನೆಟ್ಟಗೆ ಮಾಡಿದ ಹೆಂಗಸರು ಹೆಚ್ಚು ಮಂದಿಯೇನಲ್ಲ. ಫ್ರಾನ್ಸಿಸ್ ಮೇರಿ ಬಸ್, ಡೊರೊಥಿಯಾ ಬೀಲ್, ಎಮಿಲಿ ಡೇವಿಸ್ ಈ ಮೂವರನ್ನಾದರೂ ನಮ್ಮ ಮಕ್ಕಳು ತಿಳಿದಿರಬೇಕು. ಬಡ ಗವರ್ನೆಸ್‌ಗಳ ಅಜ್ಞಾನವನ್ನು ನೋಡಲಾರದೆ 1848ರಲ್ಲಿ ಲಂಡನ್ನಿನ ಹಾರ್ಲಿ ಸ್ಟ್ರೀಟಿನಲ್ಲಿ ಕ್ವೀನ್ಸ್ ಕಾಲೇಜ್ ಎಂಬ ಸಂಸ್ಥೆ ತೆರೆದಿತ್ತು. ಬಸ್ ಮತ್ತು ಬೀಲ್ ಇಬ್ಬರೂ ಅಲ್ಲಿ ಓದಿದವರು. ಬಸ್ 1850ರಲ್ಲಿ ನಾರ್ತ್ ಲಂಡನ್ ಕಲೀಜಿಯೇಟ್ ಶಾಲೆಯನ್ನು ಆರಂಭಿಸಿದರು. ಬೀಲ್ 1858ರಲ್ಲಿ ಚೆಲ್ಟನ್‌ಹ್ಯಾಮ್ ಲೇಡೀಸ್ ಕಾಲೇಜಿನ ಮುಖ್ಯಸ್ಥೆಯಾದರು. ಆಗ ಅಲ್ಲಿದ್ದ ಹುಡುಗಿಯರು 69. ಯೂಕ್ಲಿಡನ ರೇಖಾಗಣಿತ ಕಲಿಸಿದರೆ ತಂದೆತಾಯಿಯರು ಹೆದರಿ ಮಕ್ಕಳನ್ನು ಬಿಡಿಸಿಕೊಂಡು ಹೋಗುವ ಭಯ. ವಿಜ್ಞಾನ ಎಂದರೂ ಅದೇ ಕಥೆ. ಬೀಲ್ ಒಂದು ಉಪಾಯ ಮಾಡಿದರು. ಗಂಡುಹುಡುಗರ ಶಾಲೆಗಳಲ್ಲಿ ಭೂಗೋಳಕ್ಕೆ ಬೆಲೆಯಿರಲಿಲ್ಲವಾದ್ದರಿಂದ ಅದನ್ನು ಗಂಡಸರ ವಿದ್ಯೆಯೆಂದು ಯಾರೂ ಭಾವಿಸಿರಲಿಲ್ಲ. ಬೀಲ್ 'ಪ್ರಾಕೃತಿಕ ಭೂಗೋಳ' ಎಂಬ ಹೆಸರಿಟ್ಟು ಆ ಬುಟ್ಟಿಯೊಳಗೆ ವಿಜ್ಞಾನವನ್ನು ಮುಚ್ಚಿಟ್ಟು ತರಗತಿಗೆ ತಂದರು. ಯಾರೂ ತಕರಾರು ಮಾಡಲಿಲ್ಲ.

ಎಮಿಲಿ ಡೇವಿಸ್ ಉಪಾಯಗಾರ್ತಿಯಲ್ಲ, ಹಟಗಾರ್ತಿ. ಗೇಟ್ಸ್‌ಹೆಡ್ ಊರಿನ ಪಾದ್ರಿಯ ಮಗಳು. ಅಣ್ಣತಮ್ಮಂದಿರು ಶಾಲೆಗೂ ಕೇಂಬ್ರಿಜ್‌ಗೂ ಹೋದಾಗ ಮನೆಯಲ್ಲಿ ಉಳಿದವರು. ಕೇಂಬ್ರಿಜ್ ವಿಶ್ವವಿದ್ಯಾನಿಲಯ 1858ರಿಂದ ಶಾಲೆಯ ಹುಡುಗರಿಗಾಗಿ 'ಲೋಕಲ್' ಎಂಬ ಪರೀಕ್ಷೆ ನಡೆಸುತ್ತಿತ್ತು. ಹುಡುಗಿಯರಿಗೂ ಅದೇ ಪ್ರಶ್ನೆಪತ್ರಿಕೆ ಕೊಡಿ, ಪ್ರಯೋಗಕ್ಕಾದರೂ ಕೊಡಿ ಎಂದು ಡೇವಿಸ್ ಬೆನ್ನು ಹತ್ತಿದರು. ಕೊನೆಗೆ ಒಪ್ಪಿಗೆ ಬಂದಾಗ ಪರೀಕ್ಷೆಗೆ ಉಳಿದದ್ದು ಆರು ವಾರ. 1863ರ ಡಿಸೆಂಬರಿನಲ್ಲಿ 83 ಹುಡುಗಿಯರು ಕೂತರು. ಹಿರಿಯ ವಿಭಾಗದ 40 ಮಂದಿಯಲ್ಲಿ 34 ಮಂದಿ ಲೆಕ್ಕದಲ್ಲಿ ನಪಾಸು!

ನಮಗೆ ಈ ಇಡೀ ಕಥೆಯಲ್ಲಿ ಅತ್ಯಂತ ಮೆಚ್ಚುಗೆಯಾದ ಘಳಿಗೆ ಇದೇ. ಈ ಅಂಕಿಯನ್ನು ಮುಚ್ಚಿಡಬಹುದಿತ್ತು, ಪತ್ರಿಕೆ ಕಠಿಣವಾಗಿತ್ತೆಂದು ಗೋಗರೆಯಬಹುದಿತ್ತು, ಹುಡುಗಿಯರಿಗೆ ಬೇರೆ ಸುಲಭದ ಪತ್ರಿಕೆ ಕೇಳಬಹುದಿತ್ತು. ಅವರು ಯಾವುದನ್ನೂ ಮಾಡಲಿಲ್ಲ. ಬಸ್ ಅವರ ಶಾಲೆಯಿಂದಲೇ 25 ಹುಡುಗಿಯರು ಹೋಗಿದ್ದರು. ಅವರು ನೇರವಾಗಿ ಶಾಲೆಗೆ ಹಿಂದಿರುಗಿ ಲೆಕ್ಕ ಕಲಿಸುವ ಕ್ರಮವನ್ನೇ ಬದಲಿಸಿದರು. ಮುಂದಿನ ಪರೀಕ್ಷೆಯಲ್ಲಿ ನಪಾಸಾದವರ ಸಂಖ್ಯೆ ಬಹಳ ಇಳಿಯಿತು. ಕೇಂಬ್ರಿಜ್ 1865ರಲ್ಲಿ ಪರೀಕ್ಷೆಯನ್ನು ಹುಡುಗಿಯರಿಗೆ ವಿಧಿವತ್ತಾಗಿ ತೆರೆಯಿತು. ಅದೇ ವರ್ಷ ಶಾಲೆಗಳ ವಿಚಾರಣೆಗೆಂದು ಸರ್ಕಾರ ನೇಮಿಸಿದ್ದ ಟಾಂಟನ್ ಆಯೋಗದ ಮುಂದೆ ಡೇವಿಸ್ ಮತ್ತು ಬಸ್ ಸಾಕ್ಷಿ ನುಡಿದರು. ಬಡಮಕ್ಕಳಿಗಾಗಿ ಹಿಂದಿನವರು ಬಿಟ್ಟುಹೋದ ದತ್ತಿಗಳ ಹಣ ಎಲ್ಲಿ ಹೋಗುತ್ತಿದೆಯೆಂದು ಆಯೋಗ ಹುಡುಕಿತು. ಕ್ರೈಸ್ಟ್ಸ್ ಹಾಸ್ಪಿಟಲ್ ಎಂಬ ಹಳೆಯ ದತ್ತಿಶಾಲೆಯಲ್ಲಿ ಹುಡುಗರು 1192, ಹುಡುಗಿಯರು 18.

ಡೇವಿಸ್ 1869ರಲ್ಲಿ ಹಿಚಿನ್ ಎಂಬ ಊರಿನ ಬಾಡಿಗೆ ಮನೆಯಲ್ಲಿ ಐದು ಹುಡುಗಿಯರೊಂದಿಗೆ ಕಾಲೇಜು ತೆರೆದರು. 1873ರಲ್ಲಿ ಅದು ಕೇಂಬ್ರಿಜ್ ಬಳಿಯ ಗರ್ಟನ್ ಹಳ್ಳಿಗೆ ಬಂತು, ಗಂಡುಹುಡುಗರಿಂದ ಎರಡೂವರೆ ಮೈಲಿ ದೂರದಲ್ಲಿ. ಊರಿನೊಳಗೇ 1871ರಲ್ಲಿ ಹುಟ್ಟಿದ ನ್ಯೂನಮ್ ಕಾಲೇಜಿನವರು, ವಿಶ್ವವಿದ್ಯಾನಿಲಯದ ಗ್ರೀಕ್ ಲ್ಯಾಟಿನ್ ಕಡ್ಡಾಯವೇ ಹಳಸಿದ್ದು, ಹುಡುಗಿಯರನ್ನು ಅದಕ್ಕೇಕೆ ದೂಡಬೇಕು ಎಂದರು. ವಿದ್ಯೆಯ ದೃಷ್ಟಿಯಿಂದ ಅವರ ಮಾತೇ ಸರಿ. ಆದರೂ ನಮ್ಮ ಮತ ಡೇವಿಸ್ ಅವರಿಗೆ. ಬೇರೆ ಅಳತೆಗೋಲು ಎಷ್ಟೇ ಒಳ್ಳೆಯದಿರಲಿ, ಅದರಲ್ಲಿ ಅಳೆದದ್ದನ್ನು ಜನ ನಂಬುತ್ತಿರಲಿಲ್ಲ.

ಇನ್ನು ಆ ಡಾಕ್ಟರ ವಿಷಯ. 1874ರಲ್ಲಿ ಹೆನ್ರಿ ಮಾಡ್‌ಸ್ಲಿ ಎಂಬ ಹೆಸರಾಂತ ಮನೋವೈದ್ಯರು 'ಫೋರ್ಟ್‌ನೈಟ್ಲಿ ರಿವ್ಯೂ' ಪತ್ರಿಕೆಯಲ್ಲಿ ಒಂದು ದೀರ್ಘ ಲೇಖನ ಬರೆದರು. ಹಿಂದಿನ ವರ್ಷ ಅಮೆರಿಕದ ಬಾಸ್ಟನ್ನಿನಲ್ಲಿ ಎಡ್ವರ್ಡ್ ಕ್ಲಾರ್ಕ್ ಎಂಬ ವೈದ್ಯರು ಇದೇ ವಾದದ ಪುಸ್ತಕ ಬರೆದಿದ್ದರು. ವಾದ ಹೀಗೆ: ದೇಹದ ಶಕ್ತಿ ಇಷ್ಟೇ ಎಂಬ ಮಿತಿಯುಳ್ಳದ್ದು. ಒಂದು ಕಡೆ ಖರ್ಚಾದರೆ ಇನ್ನೊಂದು ಕಡೆ ಕೊರತೆ. ಹುಡುಗಿ ಋತುಮತಿಯಾಗುವ ವಯಸ್ಸಿನಲ್ಲಿ ಮಿದುಳಿಗೆ ಶಕ್ತಿ ಸುರಿದರೆ ಗರ್ಭಕ್ಕೆ ಸಾಲುವುದಿಲ್ಲ. ಪರೀಕ್ಷೆ ಗೆದ್ದವಳು ತಾಯ್ತನ ಸೋಲುತ್ತಾಳೆ. ಶಕ್ತಿ ಹುಟ್ಟುವುದೂ ಇಲ್ಲ, ನಾಶವಾಗುವುದೂ ಇಲ್ಲ ಎಂಬ ನಿಯಮ ಜೂಲ್ ಮತ್ತು ಹೆಲ್ಮ್‌ಹೋಲ್ಟ್ಸ್ ಅವರಿಂದ ಸ್ಥಾಪಿತವಾಗಿ ಆಗಿನ್ನೂ ಒಂದು ತಲೆಮಾರು. ಹೊಸ ನಿಯಮದ ಹೊಳಪಿನಲ್ಲಿ ಈ ವಾದ ಬಹಳ ವೈಜ್ಞಾನಿಕವಾಗಿ ಕಂಡಿತು. ಆದರೆ ಒಳಗಿನ ಮೊತ್ತ ಬದಲಾಗದೆ ಇರುವುದು ಹೊರಗಿನಿಂದ ಏನೂ ಬರದಂತೆ, ಏನೂ ಹೋಗದಂತೆ ಮುಚ್ಚಿದ ಪಾತ್ರೆಯಲ್ಲಿ. ಹುಡುಗಿ ದಿನಕ್ಕೆ ಮೂರು ಹೊತ್ತು ಊಟ ಮಾಡುತ್ತಾಳೆಂಬುದನ್ನು ಡಾಕ್ಟರು ಮರೆತಿದ್ದರು.

ಅದೇ ಪತ್ರಿಕೆಯಲ್ಲಿ ಉತ್ತರ ಬರೆದವರು ಎಲಿಜಬೆತ್ ಗ್ಯಾರೆಟ್ ಆಂಡರ್‌ಸನ್. ಇಂಗ್ಲೆಂಡಿನಲ್ಲಿಯೇ ಓದಿ 1865ರಲ್ಲಿ ವೈದ್ಯೆಯಾಗುವ ಪರವಾನಗಿ ಪಡೆದ ಮೊದಲ ಹೆಂಗಸು. ಪ್ಯಾರಿಸ್ಸಿನ ಎಂ.ಡಿ. ಪದವಿ 1870ರಲ್ಲಿ. ಅವರ ಉತ್ತರದ ಒಂದು ಏಟು ನೇರವಾಗಿ ಅಡಿಗೆಮನೆಗೇ ಹೋಗುತ್ತದೆ: ಮನೆಗೆಲಸದ ಹೆಣ್ಣಾಳುಗಳು ತಿಂಗಳ ಎಲ್ಲ ದಿನವೂ ದುಡಿಯುತ್ತಾರಲ್ಲ, ಅವರಿಗೆ ವಿಶ್ರಾಂತಿ ಬೇಕೆಂದು ಯಾವ ಯಜಮಾನರಿಗೂ ಏಕೆ ಹೊಳೆಯಲಿಲ್ಲ? ಹುಡುಗಿಯರ ಮೈ ಕೆಡಿಸುವುದು ಓದಲ್ಲ, ಶಾಲೆ ಬಿಟ್ಟ ಮೇಲೆ ಮಾಡಲು ಏನೂ ಇಲ್ಲದೆ ಮನೆಯಲ್ಲಿ ಕೊಳೆಯುವುದು ಎಂದೂ ಅವರು ಹೇಳಿದರು.

ಆದರೆ ಮಾತಿಗೆ ಮಾತು ಎಷ್ಟು ದಿನ? 1886ರಲ್ಲಿ ಬ್ರಿಟಿಷ್ ವೈದ್ಯಕೀಯ ಸಂಘದ ಅಧ್ಯಕ್ಷರೂ ಇದೇ ಹಳೆಯ ರಾಗ ಹಾಡಿದಾಗ, ಎಲೆನರ್ ಸಿಜ್‌ವಿಕ್ ಎಂಬವರು ಎಣಿಸಿಯೇ ನೋಡೋಣ ಎಂದರು. ಈಕೆ ಭೌತವಿಜ್ಞಾನಿ ರ್‍ಯಾಲೆ ಅವರ ನಾದಿನಿ. ಕ್ಯಾವೆಂಡಿಷ್ ಪ್ರಯೋಗಾಲಯದಲ್ಲಿ ಅವರೊಂದಿಗೆ ವಿದ್ಯುತ್ತಿನ ಮಾನಗಳನ್ನು ನಿಖರವಾಗಿ ಅಳೆದವರು. ಮುಂದೆ ನ್ಯೂನಮ್ಮಿನ ಪ್ರಾಂಶುಪಾಲೆ. ಅವರು ಕೇಂಬ್ರಿಜ್ ಮತ್ತು ಆಕ್ಸ್‌ಫರ್ಡಿನಲ್ಲಿ ಓದಿದ ಹೆಂಗಸರಿಗೆಲ್ಲ ಪ್ರಶ್ನಾವಳಿ ಕಳಿಸಿದರು. ಐನೂರಕ್ಕೂ ಹೆಚ್ಚು ಉತ್ತರಗಳು ಬಂದವು. ಆದರೆ ಅವರನ್ನು ಯಾರೊಂದಿಗೆ ಹೋಲಿಸುವುದು? ಸಾಮಾನ್ಯ ಜನರೊಂದಿಗೆ ಹೋಲಿಸಿದರೆ, ಇವರು ಉಳ್ಳವರ ಮಕ್ಕಳು, ತಿಂದುಂಡು ಬೆಳೆದವರು ಎಂಬ ಆಕ್ಷೇಪ ಬರುತ್ತದೆ. ಅದಕ್ಕೆ ಸಿಜ್‌ವಿಕ್ ಕಾಲೇಜಿಗೆ ಹೋಗದ ಅವರ ಅಕ್ಕತಂಗಿಯರನ್ನೇ ಹಿಡಿದರು! ಅದೇ ತಾಯಿತಂದೆ, ಅದೇ ಮನೆ, ಅದೇ ಊಟ. ಬೇರೆಯಾದದ್ದು ಓದೊಂದೇ. ಇಂದು ಯಾವುದೇ ಪ್ರಯೋಗಾಲಯದಲ್ಲಿ ಇಂಥ ಯೋಜನೆಯನ್ನು ಮುಂದಿಟ್ಟರೆ ತಲೆದೂಗುತ್ತಾರೆ. 1890ರಲ್ಲಿ ಫಲಿತಾಂಶ ಹೊರಬಂತು. ಓದಿದವರು ಸ್ವಲ್ಪ ಕಡಿಮೆ ಸಂಖ್ಯೆಯಲ್ಲಿ, ಸ್ವಲ್ಪ ತಡವಾಗಿ ಮದುವೆಯಾಗಿದ್ದರು, ಅದು ನಿಜ. ಆದರೆ ಮದುವೆಯಾದವರು ತಮ್ಮ ವಿವಾಹಿತ ಅಕ್ಕತಂಗಿಯರಿಗಿಂತ ಆರೋಗ್ಯವಾಗಿದ್ದರು, ಅವರಲ್ಲಿ ಮಕ್ಕಳಿಲ್ಲದವರು ಕಡಿಮೆ, ಅವರ ಮಕ್ಕಳೂ ಹೆಚ್ಚು ಗಟ್ಟಿ. ಯುಗಾದಿಯ ಪಂಕ್ತಿಯಲ್ಲಿ ಮಾತನಾಡಿದ ನಮ್ಮ ಹಿರಿಯರಿಗೆ ಈ ಸಂಗತಿಯನ್ನು ನಾವು ಆಮೇಲೆ ಫೋನ್ ಮಾಡಿ ಹೇಳಿದೆವು. ಗಮನವಿಟ್ಟು ಕೇಳಿ, "ಅಕ್ಕತಂಗಿಯರನ್ನೇ ಎಣಿಸಿದರಾ, ಭಲೆ!" ಎಂದರು.

ಅದೇ 1890ರಲ್ಲಿ, ಗಣಿತದ ಟ್ರೈಪಾಸ್ ಪರೀಕ್ಷೆಯಲ್ಲಿ ನ್ಯೂನಮ್ಮಿನ ಫಿಲಿಪಾ ಫಾಸೆಟ್, ಮೊದಲ ಸ್ಥಾನ ಪಡೆದ ಗಂಡುಹುಡುಗನಿಗಿಂತ ಮೇಲೆ ಎಂದು ಸೆನೆಟ್ ಹೌಸಿನಲ್ಲಿ ಓದಿ ಹೇಳಿದರು. ಡಾಕ್ಟರ್ ಗ್ಯಾರೆಟ್ ಆಂಡರ್‌ಸನ್ನರ ತಂಗಿಯ ಮಗಳು ಆಕೆ. ತಂದೆ ಹೆನ್ರಿ ಫಾಸೆಟ್ ಕುರುಡರು, ಪಾರ್ಲಿಮೆಂಟಿನಲ್ಲಿ ಇಂಡಿಯಾದ ಹಣಕಾಸಿನ ಬಗ್ಗೆ ಬಿಡದೆ ಪ್ರಶ್ನೆ ಕೇಳಿ 'ಇಂಡಿಯಾದ ಸದಸ್ಯ' ಎಂದೇ ಹೆಸರಾದವರು. ಮಗಳು ಮೊದಲಿಗಳಿಗಿಂತ ಮೊದಲಾದರೂ ಪದವಿ ಸಿಗಲಿಲ್ಲ. ಪರೀಕ್ಷೆ ಬರೆಯಬಹುದು, ಪದವಿ ಇಲ್ಲ. ಅದು ಕೇಂಬ್ರಿಜ್ಜಿನ ನಿಯಮ.

ನಮ್ಮ ಕಸುಬಿನವರ ಒಂದು ಮಾತು ಇಲ್ಲಿ ಹೇಳಲೇಬೇಕು. ಆಸ್ಟ್ರಿಯಾದಲ್ಲಿ ಹುಟ್ಟಿ, ಗರ್ಟನ್ನಿನಲ್ಲಿ ಓದಿದ ಇಡಾ ಫ್ರಾಯಿಂಡ್ 1887ರಿಂದ ನ್ಯೂನಮ್ಮಿನ ರಸಾಯನಶಾಸ್ತ್ರದ ಪ್ರಯೋಗಾಲಯದಲ್ಲಿ ಕಲಿಸಿದರು. ವಿಶ್ವವಿದ್ಯಾನಿಲಯದ ಪ್ರಯೋಗಾಲಯಗಳಲ್ಲಿ ಹುಡುಗಿಯರಿಗೆ ಸರಿಯಾಗಿ ಪ್ರವೇಶವಿಲ್ಲದ್ದರಿಂದ ಕಾಲೇಜೇ ತನಗೊಂದು ಕಟ್ಟಿಕೊಂಡಿತ್ತು. ಫ್ರಾಯಿಂಡ್ ಚಿಕ್ಕಂದಿನಲ್ಲಿ ಸೈಕಲ್ ಅಪಘಾತದಲ್ಲಿ ಕಾಲು ಕಳೆದುಕೊಂಡವರು. ಪಾಠದಲ್ಲಿ ಬಹಳ ಕಟ್ಟುನಿಟ್ಟು. ಒಂದು ವರ್ಷ ಪರೀಕ್ಷೆಗೆ ಮುಂಚೆ ಮೂಲವಸ್ತುಗಳ ಆವರ್ತಕೋಷ್ಟಕ ಕಲಿಸಿಕೊಡುತ್ತೇನೆ ಬನ್ನಿ ಎಂದು ಹುಡುಗಿಯರನ್ನು ಕರೆದರಂತೆ. ಹೆದರುತ್ತ ಹೋದರೆ ಮೇಜಿನ ಮೇಲೆ ಇಡೀ ಆವರ್ತಕೋಷ್ಟಕ ಕೇಕುಗಳಲ್ಲಿ! ಒಂದೊಂದು ಕೇಕಿನ ಮೇಲೂ ಸಕ್ಕರೆಯಲ್ಲಿ ಬರೆದ ಮೂಲವಸ್ತುವಿನ ಹೆಸರು, ಪರಮಾಣು ತೂಕ. ಅಡಿಗೆಮನೆಯಲ್ಲಿಯೇ ಇರಬೇಕು ಎಂದವರಿಗೆ ಇದಕ್ಕಿಂತ ಒಳ್ಳೆಯ ಉತ್ತರ ನಮಗೆ ಗೊತ್ತಿಲ್ಲ. ಇಷ್ಟಾದರೂ ಲಂಡನ್ನಿನ ಕೆಮಿಕಲ್ ಸೊಸೈಟಿ ಹೆಂಗಸರನ್ನು ಸದಸ್ಯರನ್ನಾಗಿ ಸೇರಿಸಿಕೊಳ್ಳುತ್ತಿರಲಿಲ್ಲ. 1904ರಲ್ಲಿ ಫ್ರಾಯಿಂಡ್ ಸೇರಿ 19 ಮಂದಿ ರಸಾಯನವಿಜ್ಞಾನಿ ಹೆಂಗಸರು ಕೂಡಿ ಅರ್ಜಿ ಕೊಟ್ಟರು. ಬಾಗಿಲು ತೆರೆದದ್ದು 1920ರಲ್ಲಿ. ಫ್ರಾಯಿಂಡ್ 1914ರಲ್ಲಿಯೇ ತೀರಿಕೊಂಡಿದ್ದರು.

'ಬಿಳಿಯರು ಮೊದಲಿನಿಂದಲೂ' ಎಂಬ ಮಾತಿಗೆ ಕೆಲವು ಇಸವಿಗಳನ್ನು ಪಕ್ಕಪಕ್ಕ ಇಟ್ಟರೆ ಸಾಕು. ಲಂಡನ್ ವಿಶ್ವವಿದ್ಯಾನಿಲಯ ಹೆಂಗಸರಿಗೆ ಪದವಿ ತೆರೆದದ್ದು 1878. ಕಲ್ಕತ್ತಾ ವಿಶ್ವವಿದ್ಯಾನಿಲಯದಿಂದ ಕಾದಂಬಿನಿ ಬಸು ಮತ್ತು ಚಂದ್ರಮುಖಿ ಬಸು ಬಿ.ಎ. ಪಡೆದದ್ದು 1883. ಆಕ್ಸ್‌ಫರ್ಡ್ ತನ್ನ ಹೆಂಗಸರಿಗೆ ಪದವಿ ಕೊಟ್ಟದ್ದು 1920. ನಮ್ಮ ಬೆಳಗಾವಿಯಲ್ಲಿ ಬಾಲ್ಯ ಕಳೆದ ಕಾರ್ನೀಲಿಯಾ ಸೊರಾಬ್ಜಿ ಇವೆರಡರ ನಡುವೆ ಸಿಕ್ಕಿಕೊಂಡವರು. ಪುಣೆಯ ಡೆಕ್ಕನ್ ಕಾಲೇಜಿನಲ್ಲಿ ಓದಿ, ಬೊಂಬಾಯಿ ವಿಶ್ವವಿದ್ಯಾನಿಲಯದ ಮೊದಲ ಮಹಿಳಾ ಪದವೀಧರೆಯಾಗಿ, ಇಂಗ್ಲೆಂಡಿಗೆ ಹೋಗುವ ಸರ್ಕಾರಿ ವಿದ್ಯಾರ್ಥಿವೇತನ ಗಳಿಸುವಷ್ಟು ಮೇಲಿನ ಸ್ಥಾನದಲ್ಲಿ ತೇರ್ಗಡೆಯಾದರು. ಹೆಣ್ಣೆಂಬ ಕಾರಣಕ್ಕೆ ಅದು ತಪ್ಪಿತು. ಫ್ಲಾರೆನ್ಸ್ ನೈಟಿಂಗೇಲ್ ಮೊದಲಾದವರು ಚಂದಾ ಎತ್ತಿ 1889ರಲ್ಲಿ ಆಕ್ಸ್‌ಫರ್ಡಿನ ಸಾಮರ್‌ವಿಲ್‌ಗೆ ಕರೆಸಿಕೊಂಡರು. 1892ರಲ್ಲಿ ನ್ಯಾಯಶಾಸ್ತ್ರದ ಬಿ.ಸಿ.ಎಲ್. ಪರೀಕ್ಷೆ ಬರೆದ ಮೊದಲ ಹೆಂಗಸು ಆಕೆ. ಬೊಂಬಾಯಿ ಕೊಟ್ಟ ಪದವಿ ಕೈಯಲ್ಲಿತ್ತು, ಆಕ್ಸ್‌ಫರ್ಡಿನ ಪದವಿಗೆ ಮೂವತ್ತು ವರ್ಷ ಕಾದು 1922ರಲ್ಲಿ ಪಡೆದರು. ಹಾಗೆಂದು ನಮ್ಮವರು ಬೀಗಬೇಕಾಗಿಲ್ಲ. ಮೈಸೂರಿನಲ್ಲಿ ಅಂಬಳೆ ನರಸಿಂಹ ಅಯ್ಯಂಗಾರ್ಯರು 1881ರಲ್ಲಿ ಆರಂಭಿಸಿದ ಹೆಣ್ಣುಮಕ್ಕಳ ಶಾಲೆ ಮಹಾರಾಣಿ ಕಾಲೇಜಾಗಿ ಬೆಳೆಯಿತು, ಸರಿ. ಆದರೆ ಅದಾಗಿ ಅರವತ್ತು ವರ್ಷದ ಮೇಲೆ ನಮ್ಮಜ್ಜಿ ನಾಲ್ಕನೆಯ ಕ್ಲಾಸಿಗೆ ಶಾಲೆ ಬಿಟ್ಟರು. ಅವರಿಗೆ ಸಿಕ್ಕ ಹೊಲಿಗೆ ತರಗತಿ ಮಾತ್ರ ಆಶ್ಲಿ ಡೌನಿನ ದೂರದ ಬಂಧು. ಅಡ್ಡಹೊಲಿಗೆಯ ಇಂಗ್ಲಿಷ್ ಅಕ್ಷರಗಳು ಪಾದ್ರಿಗಳ ಶಾಲೆಗಳಿಂದ ಸರ್ಕಾರಿ ಶಾಲೆಗಳಿಗೆ, ಅಲ್ಲಿಂದ ನಮ್ಮ ಪಡಸಾಲೆಗಳಿಗೆ ಬಂದವು. ಅವುಗಳನ್ನು ಓದುವುದು ಹೇಗೆಂಬುದು ಬರಲಿಲ್ಲ.

ಕೇಂಬ್ರಿಜ್ಜಿನ ಕಥೆ ಮುಗಿಸುತ್ತೇವೆ. 1897ರ ಮೇ ತಿಂಗಳಲ್ಲಿ ಹೆಂಗಸರಿಗೆ ಪದವಿ ಕೊಡಬೇಕೇ ಎಂದು ಮತಕ್ಕೆ ಹಾಕಿದಾಗ ಹಳೆಯ ವಿದ್ಯಾರ್ಥಿಗಳು ರೈಲುಗಳಲ್ಲಿ ಬಂದಿಳಿದರು. ಸೆನೆಟ್ ಹೌಸಿನ ಎದುರಿಗೆ, ಸೈಕಲ್ ಮೇಲೆ ಕೂತ ಹೆಂಗಸಿನ ಬೊಂಬೆಯನ್ನು ನೇತುಹಾಕಿದ್ದರು. ಭಾರಿ ಬಹುಮತದಿಂದ 'ಬೇಡ' ಎಂದಾಯಿತು. 1921ರಲ್ಲಿ ಮತ್ತೆ ಸೋತಾಗ, ಗೆದ್ದ ಹುಡುಗರು ಕೈಗಾಡಿಯನ್ನು ನುಗ್ಗಿಸಿ ನ್ಯೂನಮ್ಮಿನ ಕಂಚಿನ ಬಾಗಿಲನ್ನು ಮುರಿದರು. ಅಂದು ಹೆಂಗಸರಿಗೆ ಸಿಕ್ಕದ್ದು ಹೆಸರಿಗಷ್ಟೇ ಪದವಿ. ಪೂರ್ಣ ಪದವಿ ಬಂದದ್ದು 1948ರಲ್ಲಿ, ಇಂಡಿಯಾ ಸ್ವತಂತ್ರವಾದ ಮರುವರ್ಷ. ಮೊಟ್ಟಮೊದಲು ಅದನ್ನು ಪಡೆದವರು, ಗೌರವಾರ್ಥವಾಗಿ, ಆಗಿನ ದೊರೆಯ ರಾಣಿ ಎಲಿಜಬೆತ್, ಎಂದರೆ ಕಾಲೇಜನ್ನೇ ಕಾಣದವರು.

ಐವತ್ತು ವರ್ಷ ಕಳೆದ ಮೇಲೆ, 1998ರ ಜುಲೈಯಲ್ಲಿ, 1948ಕ್ಕಿಂತ ಮುಂಚೆ ಅಲ್ಲಿ ಓದಿದ್ದ ಹೆಂಗಸರನ್ನು ವಿಶ್ವವಿದ್ಯಾನಿಲಯ ಕರೆಯಿತು. ಸುಮಾರು 900 ಮಂದಿ ಬಂದರು. ಎಲ್ಲರೂ ಎಪ್ಪತ್ತರ ಆಸುಪಾಸಿನವರು, ಅದಕ್ಕೂ ಮೇಲಿನವರು. ಕೆಲವರು ಕೋಲು ಊರಿಕೊಂಡು, ಕೆಲವರು ಮಕ್ಕಳ ಮೊಮ್ಮಕ್ಕಳ ತೋಳು ಹಿಡಿದುಕೊಂಡು, 1897ರಲ್ಲಿ ಬೊಂಬೆ ನೇತಾಡಿದ್ದ ಜಾಗದ ಎದುರಿನ ಸೆನೆಟ್ ಹೌಸಿಗೆ ಹೋದರು.